ಮೊಗಣ್ಣ ಕುಂಬಳಕಾಯಿ ಕೊಯ್ದ ಕತೆ

ಹೂಂ ಅನ್ನೋರಿದ್ದರೆ ಮಾತ್ರ ಕತೆ ಹೇಳೋದು ನಾನು. ನಡುವೆ ಹೂಂ ನಿಂತರೆ ಕತೆಯೂ ನಿಲ್ಲುತ್ತೆ, ಆಮೇಲೆ ನನ್ನ ಬೈಬೇಡಿ. ಹೂಂ ತಾನೆ? ಸರಿ, ಕೇಳಿ.

ನವಣೆಕೊಪ್ಪಲು ಅಂತ ಒಂದೂರು. ಆ ಊರಲ್ಲಿ ನಿಂಗಾಜಮ್ಮ ಅಂತ ಒಬ್ಬಳು ತಾಯಿ, ಅವಳಿಗೆ ಮೊಗಣ್ಣ ಅಂತ ಒಬ್ಬನೇ ಮಗ. ಆಳೇನು, ಎತ್ತರವೇನು! ಮೂಟೆ ಹೊರು ಅಂದರೆ ಹೊರೋನು. ಬಾವಿ ತೋಡು ಅಂದರೆ ತೋಡೋನು. ಮೇಲೆ ಬಾ ಅನ್ನೋದು ಮರೆತರೆ ಬಾವಿಯೊಳಗೇ ಕೂತಿರೋನು! ಉಣ್ಣು ಅಂದರೆ ಉಣ್ಣೋನು, ಸಾಕು ಅನ್ನೋವರೆಗೂ ಉಣ್ಣೋನು. ಮಳೆ ಬಂದರೆ ಒಳಗೆ ಬಾ ಅಂತ ಹೇಳಬೇಕು, ನಿದ್ದೆ ಬಂದರೆ ಮಲಗು ಅಂತ ಹೇಳಬೇಕು. ಹೇಳಿದ್ದನ್ನ ಮಾತ್ರ ಒಂದು ಚೂರೂ ಬಿಡದೆ ಮಾಡೋನು. ಬಂದ ತೊಂದರೆಯೆಲ್ಲ ಅದರಿಂದಲೇ.

"ಅಯ್ಯೋ ನನ್ನಪ್ಪನೇ" ಅಂತ ನಿಂಗಾಜಮ್ಮ ಒಲೆ ಮುಂದೆ ಕೂತು ಹಲುಬೋಳು, "ನಾನು ಕಣ್ಣು ಮುಚ್ಚಿದ ಮೇಲೆ ಇವನಿಗೆ ಉಣ್ಣು ಅನ್ನೋರು ಯಾರು? ಸಾಕು ಅನ್ನೋರು ಯಾರು?" ಅದೊಂದೇ ಚಿಂತೆ ಅವಳಿಗೆ. ಇವನಿಗೊಂದು ಹೆಣ್ಣು ತಂದು, ಹೇಳೋ ಬಾಯೊಂದನ್ನ ಮನೆಗೆ ತುಂಬಿಸಿಕೊಂಡರೆ, ಆಮೇಲೆ ಯಮ ಬಂದರೂ ಚಾಪೆ ಹಾಸೋಕೆ ತಯಾರಿದ್ದಳು.

ಹೆಣ್ಣು ಸಿಗಬೇಕಲ್ಲ! ಒಂದೂರಿಗೆ ಹೆಣ್ಣು ನೋಡೋಕೆ ಹೋದಾಗ "ಹುಡುಗೀನ ಚೆನ್ನಾಗಿ ನೋಡ್ಕೋ ಮಗ" ಅಂದಿದ್ದಳು. ಅವನು ನೋಡಿದ. ಹುಡುಗಿ ಒಳಗೆ ಹೋದಳು, ಒಳಗೂ ಹೋಗಿ ನೋಡಿದ. ಹುಡುಗಿ ಕೊಟ್ಟಿಗೆಗೆ ಹೋದಳು, ಕೊಟ್ಟಿಗೆಗೂ ಹೋಗಿ ನೋಡಿದ. ಹುಡುಗಿ ಹಟ್ಟಿ ಅಟ್ಟ ಹತ್ತಿ ಕೂತು ಅತ್ತಳು. ಆ ಸಂಬಂಧ ಅಲ್ಲಿಗೇ ಮುಗೀತು. ಮಿಕ್ಕಿದ್ದೂ ಇಂಥದ್ದೇ.

ಕೊನೆಗೆ ಕಾರೇಪುರದಿಂದ ಒಂದು ಮಾತು ಬಂತು. ಅಲ್ಲಿ ಹೊಂಬಾಳಮ್ಮ ಅಂತ ಒಬ್ಬ ಮುದುಕಿ, ಊರೆಲ್ಲ ಅವಳ ಮಾತಿಗೆ ನಡುಗೋದು. ಅವಳ ಮೊಮ್ಮಗಳು ಚಿಕ್ಕತಾಯಿ. ಮುದುಕಿ ಹೇಳಿಕಳಿಸಿದಳು: "ಬುಧವಾರ ಮನೆ ನೋಡೋಕೆ ಬತ್ತೀವಿ. ನಿಂಗಾಜಮ್ಮನ ಕೈಯ ತುಂಬುಗುಂಬಳ ಉಣ್ಣಬೇಕು. ಕಾಯಿಗೆ ಮೊದಲ ಕೊಯ್ತ ಹುಡುಗನದ್ದೇ ಆಗಬೇಕು, ನನ್ನ ಕಣ್ಣ ಮುಂದೆ."

ಈ ತುಂಬುಗುಂಬಳ ಅಂದರೇನು ಅಂತ ಬಾಯಿ ಬಿಡ್ತಾ ಇದ್ದೀರಿ, ಹೇಳ್ತೀನಿ ತಡೀರಿ. ಚಳಿಗಾಲದ ಬಲಿತ ಸಿಹಿಗುಂಬಳ, ಅಂಗೈ ಎರಡರಲ್ಲಿ ಹಿಡಿಯೋ ಅಷ್ಟಿರಬೇಕು. ತಲೇನ ಮುಚ್ಚಳದ ಹಾಗೆ ಕೊಯ್ದು, ತಿರುಳು ಬೀಜ ತೆಗೆದು, ಒಳಗೆ ಖಾರದನ್ನ ತುಂಬೋದು. ಅರೆಬೆಂದ ಸಣ್ಣಕ್ಕಿ, ಸುಲಿದ ಅವರೇಕಾಳು, ಹಸಿಮೆಣಸಿನಕಾಯಿ, ಶುಂಠಿ, ತೆಂಗಿನ ತುರಿ, ವಸಿ ಹುಣಸೆರಸ, ಮೇಲೆ ಸಾಸಿವೆ ಕರಿಬೇವಿನ ಒಗ್ಗರಣೆ. ಮುಚ್ಚಳ ಇಟ್ಟು, ಸುತ್ತ ರಾಗಿಹಿಟ್ಟು ಮೆತ್ತಿ, ಬಾಳೆಎಲೆ ಸುತ್ತಿ, ಕೆಂಡದಲ್ಲಿ ಹೂತಿಡೋದು. ಆ ವಾಸನೆಗೆ ಮುನಿಸ್ಕೊಂಡು ಹೋದ ನೆಂಟರೂ ವಾಪಸ್ಸು ಬರೋರು.

ಆದರೆ ನಮ್ಮ ಕಡೆ ಒಂದು ನೇಮ ಇದೆಯಲ್ಲ, ಇಡೀ ಕುಂಬಳಕಾಯಿಗೆ ಹೆಂಗಸು ಮೊದಲು ಕತ್ತಿ ಹಾಕೋಹಾಗಿಲ್ಲ. ಗಂಡಸು ಒಂದು ಗಾಯ ಮಾಡಿಕೊಡಬೇಕು, ಆಮೇಲೆ ಮಿಕ್ಕಿದ್ದು ಹೆಂಗಸರ ಕೆಲಸ. ಗಂಡ ಹೋದ ಮೇಲೆ ನಿಂಗಾಜಮ್ಮ ತುಂಬುಗುಂಬಳ ಮಾಡಿರಲಿಲ್ಲ. ಪಕ್ಕದ ಮನೆಯವರ ಕೈಕಾಲು ಹಿಡಿಯೋಕೆ ಮನಸ್ಸಿಲ್ಲ, ಮಗನ ಕೈಗೆ ಕತ್ತಿ ಕೊಡೋಕೆ ಧೈರ್ಯ ಇಲ್ಲ. ಈಗ ಕೊಡಲೇಬೇಕಾಯಿತು.

"ಮಗ" ಅಂದಳು ಸೋಮವಾರ ಬೆಳಗ್ಗೆ, "ನಿಮ್ಮ ಚೌಡಪ್ಪ ಮಾವನ ಹೊಲಕ್ಕೆ ಹೋಗಿ ಒಂದು ಕುಂಬಳಕಾಯಿ ತಗಂಡು ಬಾ. ಬಳ್ಳಿ ಮಧ್ಯೆ ದುಂಡಗೆ ಏನು ಕಂಡರೂ ಬೆರಳಲ್ಲಿ ಕುಟ್ಟಿ ನೋಡು. ಟೊಣ್ ಅಂದರೆ ಬಲಿತದೆ ಅಂತ. ತೊಟ್ಟು ಹಿಡಿದು ತಿರುಚು, ಬಂದ್ಬಿಡ್ತದೆ."

"ದುಂಡಗಿರಬೇಕು, ಕುಟ್ಟಬೇಕು, ಟೊಣ್ ಅನ್ನಬೇಕು, ತಿರುಚಬೇಕು" ಅಂತ ದಾರಿಯುದ್ದಕ್ಕೂ ಹೇಳ್ಕೊಂಡು ಹೋದ ಮೊಗಣ್ಣ.

ಹೊಲದಲ್ಲಿ ಚೌಡಪ್ಪ ಮಾವ ಹೊಟ್ಟೆ ತುಂಬ ಮುದ್ದೆ ಉಂಡು, ಬಳ್ಳಿ ಮಧ್ಯೆ ಕಂಬಳಿ ಹೊದ್ದು ಮಲಗಿದ್ದ. ಎಲೆ ಸಂದಿಯಲ್ಲಿ ಹೊರಗೆ ಕಾಣ್ತಿದ್ದಿದ್ದು ಬೋಳುತಲೆ ಒಂದೇ. ನುಣ್ಣಗೆ, ದುಂಡಗೆ! ಮೊಗಣ್ಣ ಬಗ್ಗಿ ಕುಟ್ಟಿದ.

ಟೊಣ್!

"ಆಹಾ, ಬಲಿತದೆ!" ಅಂದ. ತೊಟ್ಟು ಹುಡುಕಿದ. ಹಿಂದುಗಡೆ ಪುಟ್ಟ ಜುಟ್ಟು ಸಿಕ್ಕಿತು. ಹಿಡಿದು ತಿರುಚಿದ.

"ಅಯ್ಯಯ್ಯಪ್ಪೋ! ಸತ್ತೆ!" ಅಂತ ಕುಂಬಳಕಾಯಿ ಎದ್ದು ನಿಂತು ಓಡಿಸಿಕೊಂಡು ಬಂತು.

ಮೊಗಣ್ಣ ಏದುಸಿರು ಬಿಟ್ಕೊಂಡು ಮನೆಗೆ ಬಂದ. "ಅವ್ವ, ಬಲಿತಿತ್ತು ಕಣವ್ವ. ತಿರುಚಿದೆ, ಬರಲಿಲ್ಲ, ಬೈತು!"

ನಿಂಗಾಜಮ್ಮ ಹಣೆ ಹಣೆ ಚಚ್ಚಿಕೊಂಡಳು. "ಹಾಳಾದವನೇ! ನಿಮ್ಮಾವನ ಜುಟ್ಟು ಕಣ್ಲಾ ಅದು! ಹಂಗೆಲ್ಲ ಕೈ ಹಾಕಬಾರದು. ಏನು ಮುಟ್ಟೋಕೂ ಮುಂಚೆ ಕೈಮುಗಿದು 'ಮುಟ್ಲಾ?' ಅಂತ ಕೇಳಬೇಕು. ಹೂಂ ಅಂದ ಮೇಲೇ ಮುಟ್ಟಬೇಕು. ತಿಳೀತಾ?"

"ತಿಳೀತು ಕಣವ್ವ."

ತಿಳೀತಂತೆ! ಮತ್ತೆ ಹೊಲಕ್ಕೆ ಹೋದ. ಈ ಸಲ ನಿಜವಾದ ಕುಂಬಳಕಾಯಿ ಸಿಕ್ಕಿತು, ಒಂದಲ್ಲ, ಸಾಲಾಗಿ ಬಿಟ್ಟಿದ್ದವು. ಮುಂದಿನದರ ಎದುರು ಕೂತು ಕೈಮುಗಿದ. "ಮುಟ್ಲಾ?"

ಕುಂಬಳಕಾಯಿ ಹೂಂ ಅನ್ನಲಿಲ್ಲ.

"ಮುಟ್ಲಾ?" ಅಂದ ಗಟ್ಟಿಯಾಗಿ. ಊಹೂಂ. ಪಕ್ಕದ್ದನ್ನ ಕೇಳಿದ, ಅದೂ ಹೂಂ ಅನ್ನಲಿಲ್ಲ. ನೀವಾದರೂ ಹೂಂ ಅನ್ನಿ, ಮರೆತುಬಿಟ್ರಿ! ಮೊಗಣ್ಣ ಕೈಮುಗಿದುಕೊಂಡೇ ಸಂಜೆವರೆಗೂ ಕೂತ. ಅಷ್ಟೊತ್ತಿಗೆ ಚೌಡಪ್ಪನ ಎಮ್ಮೆ ಹಗ್ಗ ಕಿತ್ತುಕೊಂಡು ಬಂತು. ಅದು ಕೈಯೂ ಮುಗೀಲಿಲ್ಲ, ಯಾರನ್ನೂ ಕೇಳಲಿಲ್ಲ. ಈ ತುದಿಯಿಂದ ಶುರುಮಾಡಿ ಆ ತುದಿಯವರೆಗೂ ಕುರುಂ ಕುರುಂ ಅಂತ ತಿಂದುಕೊಂಡು ಹೋಯಿತು. ಮೊಗಣ್ಣ ಪಕ್ಕಕ್ಕೆ ಸರಿದು ಜಾಗ ಬಿಟ್ಟ.

ಚೌಡಪ್ಪ ಬಂದು ನೋಡಿದ. "ಯಾವನ್ಲಾ ಅವನು ಕುಂಬಳಕಾಯಿ ಕಳ್ಳ?" ಅಂತ ಕೂಗಿದ. ಮೊಗಣ್ಣ ತಟ್ಟನೆ ಹೆಗಲು ಮುಟ್ಟಿ ನೋಡ್ಕೊಂಡ! ತಿಂದಿದ್ದು ಎಮ್ಮೆ, ಹೆಗಲು ಮುಟ್ಟಿ ನೋಡ್ಕೊಂಡಿದ್ದು ನಮ್ಮ ಮೊಗಣ್ಣ. ಬೆನ್ನ ಮೇಲೆ ಬಿದ್ದ ಏಟೂ ಅವನಿಗೇ.

ನಿಂಗಾಜಮ್ಮ ಓಡೋಡಿ ಹೋದಳು. "ಅಣ್ಣ, ನಿನ್ನ ಕಾಲಿಗೆ ಬೀಳ್ತೀನಿ, ಸೋದರಳಿಯನ ಮದುವೆ ಮಾತು ಕಣಣ್ಣ, ಒಂದೇ ಒಂದು ಕಾಯಿ ಕೊಡು." ಚೌಡಪ್ಪ ಗೊಣಗಿಕೊಂಡು ಮೂಲೆಯ ಸೊಪ್ಪಿನಡಿ ಅಡಗಿದ್ದ ಒಂದು ಕಾಯಿ ಕಿತ್ತುಕೊಟ್ಟ. "ಹೊಲಕ್ಕೆಲ್ಲ ಉಳಿದದ್ದು ಇದೊಂದೇ. ಇದು ಹೋಯ್ತು ಅಂದರೆ ಮುಂದಿನ ವರ್ಷವೇ. ನೀನೇ ಹೊತ್ಕೊಂಡು ಹೋಗು. ಅವನ ಕೈಗೆ ಕೊಟ್ಟೀಯ, ಜೋಕೆ!"

ದಾರಿಯುದ್ದಕ್ಕೂ ಬೈದಳು ಮಗನನ್ನ. "ಎಮ್ಮೆ ತಿಂತಿದ್ದರೆ ಕೈಕಟ್ಟಿ ಕೂತಿದ್ದೀಯಲ್ಲೋ! ತಿನ್ನೋಕೆ ಅಂತ ಯಾರು ಮೂತಿ ಚಾಚಿದರೂ ಕೋಲು ತಗೋಬೇಕು, ಹೇಯ್ ಹೇಯ್ ಅಂತ ಊರಾಚೆ ಅಟ್ಟಬೇಕು!"

"ಕೋಲು, ಹೇಯ್ ಹೇಯ್, ಊರಾಚೆ. ಆಯ್ತು ಕಣವ್ವ."

ಮಂಗಳವಾರ ಮಧ್ಯಾಹ್ನ ನಿಂಗಾಜಮ್ಮ ಹಿತ್ತಲಲ್ಲಿ ಅವರೇಕಾಯಿ ಸುಲಿತಿದ್ದಳು. ಮೊಗಣ್ಣ ಜಗಲಿ ಮೇಲೆ ಕೂತಿದ್ದ. ಆಗ ಯಾರು ಬರಬೇಕು? ಹೊಂಬಾಳಮ್ಮ! ಮಗಳ ಮನೆಗೆ ಹೋಗಿದ್ದವಳು ಅದೇ ದಾರೀಲಿ ಬರ್ತಾ, ನಾಳೆ ನೋಡೋ ಮನೇನ ಇವತ್ತೇ ವಸಿ ಇಣುಕಿ ಹೋಗೋಣ ಅಂತ ಬಂದಿದ್ದಳು. ಕಿಲಾಡಿ ಮುದುಕಿ! ಬಾಗಿಲಲ್ಲಿ ಕತ್ತು ಚಾಚಿ ಕೂಗಿದಳು:

"ಯಾರವ್ವ ಒಳಗೆ? ಬಿಸಿಲಲ್ಲಿ ಬಂದಿವ್ನಿ, ತಿನ್ನೋಕೆ ಏನಾರ ಇದ್ರೆ ಕೊಡ್ರವ್ವ!"

ತಿನ್ನೋಕೆ! ಮೂತಿ ಬೇರೆ ಚಾಚಿದೆ! ಮೊಗಣ್ಣ ಕೋಲು ತಗೊಂಡ. "ಹೇಯ್! ಹೇಯ್! ನಡಿ ನಡಿ!"

"ಏಯ್, ಯಾವನ್ಲಾ ನೀನು!"

"ಹೇಯ್! ಹೇಯ್!"

ಮುದುಕಿ ಸೀರೆ ಎತ್ತಿ ಕಟ್ಟಿ ಓಡಿದಳು ನೋಡಿ, ಬೀದಿಯ ಕೋಳಿಗಳೆಲ್ಲ ದಾರಿ ಬಿಟ್ಟವು. ಮೊಗಣ್ಣ ಹಿಂದೆ, ಮೊಗಣ್ಣನ ಹಿಂದೆ ನಿಂಗಾಜಮ್ಮ. ಊರಾಚೆ ಕಲ್ಲಿನ ಹತ್ತಿರ ಮೊಗಣ್ಣ ನಿಂತ. ಊರಾಚೆ ಅಂತ ತಾನೆ ಹೇಳಿದ್ದು?

ನಿಂಗಾಜಮ್ಮ ಬಂದು ಮುಖ ನೋಡಿದಳು.  "ಅಯ್ಯೋ, ದೊಡ್ಡವ್ವ! ತಪ್ಪಾಯ್ತು ದೊಡ್ಡವ್ವ! ಹೊಟ್ಟೆಗೆ ಹಾಕ್ಕೋ!"

ಹೊಂಬಾಳಮ್ಮ ಉಸಿರು ಎಳಕೊಂಡು ಕೇಳಿದಳು. "ಇವನೇನಾ ಗಂಡು?"

"ಇವನೇ."

"ನನ್ನ ಅಟ್ಟು ಅಂತ ಯಾರು ಹೇಳಿದ್ದು ಇವನಿಗೆ?"

"ನಾನೇ ದೊಡ್ಡವ್ವ. ಎಮ್ಮೆ ಬಂದರೆ ಅಟ್ಟು ಅಂತ ಹೇಳಿದ್ದೆ."

ಮುದುಕಿ ಮೊಗಣ್ಣನನ್ನ ಮೇಲಿಂದ ಕೆಳಗೆ ನೋಡಿದಳು. "ಹೂಂ" ಅಂದಳು. "ನಾಳೆ ಬತ್ತೀನಿ." ಅಷ್ಟೇ ಹೇಳಿ ಹೋದಳು. ಆ ಹೂಂ ಒಳ್ಳೇದಕ್ಕೋ ಕೆಟ್ಟದ್ದಕ್ಕೋ ಗೊತ್ತಾಗದೆ ನಿಂಗಾಜಮ್ಮ ಮಗನ ಕಡೆ ತಿರುಗಿದಳು.

"ಮನೆ ಬಾಗಿಲಿಗೆ ಬಂದೋರನ್ನ ಅಟ್ಟಬಾರದು ಕಣ್ಲಾ, ಪಾಪಿ! ಕಾಲಿಗೆ ನೀರು ಕೊಡಬೇಕು, ಮಣೆ ಹಾಕಬೇಕು, ಇದು ನಿಮ್ಮನೇನೇ ಅಂದ್ಕಳಿ, ಉಂಡೇ ಹೋಗಿ ಅನ್ನಬೇಕು!"

"ನೀರು, ಮಣೆ, ಉಂಡೇ ಹೋಗಿ. ಮೊದಲೇ ಹೇಳಬಾರದಾ ಅವ್ವ?"

ಸಂಜೆ ಅವಳು ಅಕ್ಕಿ ಆರಿಸಿ, ಸುಲಿದ ಅವರೇಕಾಳಿನ ಪಕ್ಕ ಜಗಲಿ ಮೇಲಿಟ್ಟು ನೀರಿಗೆ ಹೋದಳು. ಬಾಗಿಲಿಗೆ ಯಾರು ಬಂದರು ಹೇಳಿ? ಅದೇ ಎಮ್ಮೆ! ಕುಂಬಳಕಾಯಿ ರುಚಿ ಹತ್ತಿತ್ತಲ್ಲ.

"ಬನ್ನಿ ಬನ್ನಿ" ಅಂದ ಮೊಗಣ್ಣ. ಚೊಂಬಲ್ಲಿ ನೀರು ತಂದು ನಾಲ್ಕು ಕಾಲಿಗೂ ಹುಯ್ದ. ಮಣೆ ಹಾಕಿದ. ಎಮ್ಮೆ ಕೂರಲಿಲ್ಲ. "ನಾಚ್ಕೋಬೇಡಿ, ಇದು ನಿಮ್ಮನೇನೇ ಅಂದ್ಕಳಿ. ಉಂಡೇ ಹೋಗಿ."

ಎಮ್ಮೆ ನಾಚಿಕೊಳ್ಳಲಿಲ್ಲ. ಅಕ್ಕಿ ತಿಂತು, ಅವರೇಕಾಳು ತಿಂತು, ಮೊರದ ಅಂಚನ್ನೂ ವಸಿ ತಿಂತು.

ನಿಂಗಾಜಮ್ಮ ಬಿಂದಿಗೆ ಇಳಿಸೋದನ್ನೂ ಮರೆತು ಬೈದಳು. "ಅಯ್ಯೋ ನಿನ್ನ ಮನೆ ಕಾಯ! ತೆರೆದದ್ದು ಏನು ಕಂಡರೂ ಮೊದಲು ಮುಚ್ಚಬೇಕು ಕಣೋ! ಸಂದಿಗೆಲ್ಲ ಹಿಟ್ಟು ಮೆತ್ತಿ ಭದ್ರ ಮಾಡಬೇಕು! ಇರುವೆ ಕೂಡ ನುಗ್ಗಬಾರದು, ಹಂಗೆ!" ಆಮೇಲೆ ಬೇರೆ ಅಕ್ಕಿ ಆರಿಸಿದಳು, ಬೇರೆ ಕಾಳು ಸುಲಿದಳು. ಕುಂಬಳಕಾಯಿನ ಮಾತ್ರ ತಲೆದಿಂಬಿನ ಪಕ್ಕ ಇಟ್ಟುಕೊಂಡೇ ಮಲಗಿದಳು.

ಬುಧವಾರ ಬಂತು. ಬೆಳಗ್ಗೆ ಎದ್ದು ಸಾರಿಸಿ, ರಂಗೋಲಿ ಇಟ್ಟು, ಮುಚ್ಚಳಕ್ಕೆ ಮೆತ್ತೋಕೆ ರಾಗಿಹಿಟ್ಟು ಕಲಸಿಟ್ಟು, ಬಾಳೆಎಲೆ ಕೊಯ್ಯೋಕೆ ಹಿತ್ತಲಿಗೆ ಹೋದಳು. ಮೊಗಣ್ಣ ಸುತ್ತ ನೋಡಿದ. ತೆರೆದದ್ದು ಏನಿದೆ? ಬೀದಿ ಬಾಗಿಲು ಹಾರುಹೊಡೆದಿದೆ! ಮುಚ್ಚಿದ. ಮೇಲಿನ ಸಂದಿಗೆ ಹಿಟ್ಟು ಮೆತ್ತಿದ, ಕೆಳಗಿನ ಸಂದಿಗೆ ಮೆತ್ತಿದ, ಅಗುಳಿ ತೂತಿಗೂ ಬೆರಳಲ್ಲಿ ಒತ್ತಿ ಒತ್ತಿ ಮೆತ್ತಿದ.

ಹೊಂಬಾಳಮ್ಮ, ಅವಳ ಮಗ ಜವರಪ್ಪ, ಅಂದರೆ ಹುಡುಗಿಯ ಅಪ್ಪ, ಇಬ್ಬರೂ ಬಂದು ನಿಂತರು. ಬಾಗಿಲು ತಟ್ಟಿದರು.

"ಯಾರಪ್ಪ ಒಳಗೆ?"

"ನಾನು."

"ಬಾಗಿಲು ತೆಗಿಯಪ್ಪ."

"ತೆರೆದದ್ದು ಮುಚ್ಚು ಅಂದವ್ಳೆ ನಮ್ಮವ್ವ. ಮುಚ್ಚಿದ್ದು ತೆರಿ ಅಂತ ಹೇಳಿಲ್ಲ."

ಜವರಪ್ಪನಿಗೆ ಸಿಟ್ಟು ಬಂತು. "ನಡಿಯವ್ವ ಹೋಗೋಣ, ಸಾಕು ಈ ಸಂಬಂಧ!" ಅಂದ. ಮುದುಕಿ "ತಡಿಯೋ" ಅಂದಳು. ನಿಂಗಾಜಮ್ಮ ಎಲೆ ಹಿಡಿದುಕೊಂಡೇ ಮನೆ ಬಳಸಿ 'ಬನ್ನಿ ಬನ್ನಿ' ಅಂತ ಓಡಿಬಂದು ಬೀಗರನ್ನ ಹಿತ್ತಲ ಬಾಗಿಲಿಂದ ಒಳಗೆ ಕರಕೊಂಡು ಹೋದಳು. ಮನೆ ನೋಡೋಕೆ ಬಂದೋರು ಮೊದಲು ನೋಡಿದ್ದು ಗೊಬ್ಬರದ ಗುಂಡಿ! ಅವಳು ಮಗನ ಕಿವಿ ಹಿಂಡಿ ಮೆಲ್ಲಗೆ ಹಲ್ಲು ಕಡಿದಳು. "ಇನ್ನು ನೀನು ನಿನ್ನ ಬುದ್ಧಿ ಓಡಿಸಬೇಡ! ನಾನು ಹೇಳಿದ ಕೂಡಲೇ ಮಾಡು. ಯಾಕೆ ಅನ್ನಬೇಡ, ಹೆಂಗೆ ಅನ್ನಬೇಡ, ಒಂದು ಗಳಿಗೆ ಕಾಯಬೇಡ!"

"ಆಗಲಿ ಕಣವ್ವ."

ಈಗ ಕುಂಬಳಕಾಯಿ ನಡುಮನೆಗೆ ಬಂತು. ನಿಂಗಾಜಮ್ಮ ಕತ್ತಿ ಮಗನ ಕೈಗಿಟ್ಟಳು. ದೇವರ ಮೇಲೆ ಭಾರ ಹಾಕಿ, ಒಂದೊಂದೇ ಮಾತು ಬಿಡಿಸಿ ಬಿಡಿಸಿ ಹೇಳಿದಳು. "ಎಡಗೈಯಲ್ಲಿ ಕಾಯಿ ಹಿಡಿ. ತೊಟ್ಟಿನ ಸುತ್ತ ಕೊಯ್ಯಿ. ಕತ್ತಿ ಓರೆ ಇರಲಿ. ಸುತ್ತು ಮುಗಿದ ಮೇಲೆ ನಿಲ್ಲಿಸು. ತೊಟ್ಟು ಹಿಡಿದು ಮೇಲೆತ್ತು."

ಏನು ಹೇಳಲಿ! ಅಷ್ಟು ಚೆಂದಾಗಿ ಕೊಯ್ದ ಹುಡುಗ. ಗೆರೆ ಎಳೆದ ಹಾಗೆ ಸುತ್ತು ಬಂತು, ಮುಚ್ಚಳ ಸಲೀಸಾಗಿ ಎದ್ದಿತು, ಕೆಳಗಿನ ಕಾಯಿ ಒಂದು ಕಡೆಯೂ ಸೀಳಲಿಲ್ಲ. ಅವರಪ್ಪ ಕೊಯ್ತಿದ್ದಿದ್ದೂ ಹಾಗೇ. ನಿಂಗಾಜಮ್ಮನ ಕಣ್ಣು ತುಂಬಿತು. ಹೊಂಬಾಳಮ್ಮ ಮತ್ತೆ "ಹೂಂ" ಅಂದಳು.

ನಿಂಗಾಜಮ್ಮ ತಿರುಳು ತೆಗೆದಳು, ಖಾರದನ್ನ ತುಂಬಿದಳು, ಬಾಗಿಲಿಂದ ಕೆರೆದು ತಂದ ಹಿಟ್ಟನ್ನೇ ಮೆತ್ತಿದಳು, ಬೇರೆ ಇರಲಿಲ್ಲ! ಎಲೆ ಸುತ್ತಿ ಕೆಂಡದಲ್ಲಿ ಹೂತಳು. ಊಟದ ಹೊತ್ತಿಗೆ ಹೊರತೆಗೆದು, ಸುಟ್ಟ ಎಲೆ ಬಿಡಿಸಿ, ಮುಚ್ಚಳ ಎತ್ತಿದಳು. ಘಮ್ಮಂತು! ಕಾಯಿ ಅರಿಶಿನದ ಬಣ್ಣಕ್ಕೆ ಬಂದು ಹೊಳೀತಿತ್ತು, ಒಳಗೆ ಅನ್ನ ಅಗುಳಗುಳಾಗಿ ಬೆಂದಿತ್ತು, ಅವರೇಕಾಳು ಇಣುಕುತ್ತಿದ್ದವು. ಸಿಟ್ಟಾಗಿದ್ದ ಜವರಪ್ಪನೂ ಮಣೆ ಎಳಕೊಂಡು ಮುಂದಕ್ಕೆ ಬಂದ.

"ಅಬ್ಬಬ್ಬಾ!" ಅಂತ ಕೆನ್ನೆ ಮೇಲೆ ಕೈಯಿಟ್ಟಳು ಹೊಂಬಾಳಮ್ಮ. "ಕಾಯೇನು, ಕೊಯ್ದ ಕೈಯೇನು! ನನ್ನ ಕಣ್ಣೇ ತಾಗ್ತದೆ ಕಣ್ರವ್ವ!"

ನಿಂಗಾಜಮ್ಮ ಹಿಗ್ಗಿ ಹೀರೇಕಾಯಿ ಆದಳು. ಆ ಹಿಗ್ಗಲ್ಲಿ ಬಾಯಿ ಜಾರಿತು. "ಲೋ ಮೊಗಣ್ಣ, ಮೊದಲು ಎಲ್ಲರಿಗೂ ಒಂದು ದೃಷ್ಟಿ ತೆಗಿಯೋ!"

ಅವಳ ಮನಸ್ಸಲ್ಲಿದ್ದದ್ದು ಉಪ್ಪು, ಒಣಮೆಣಸಿನಕಾಯಿ, ಪೊರಕೆ ಕಡ್ಡಿ. ಮೊಗಣ್ಣ ಕಂಡಿದ್ದು ಏನು? ಹೋದ ವರ್ಷ ಚೌಡಪ್ಪ ಮಾವನ ಹೊಸ ಮನೆಗೆ ದೃಷ್ಟಿ ತೆಗೆದಾಗ ಬೂದುಗುಂಬಳಕಾಯಿ ಇಳಿ ತೆಗೆದು ಮೂರುದಾರಿ ಕೂಡೋ ಕಡೆ ಒಡೆದಿದ್ದರು. ಬೂದೋ ಸಿಹಿಯೋ, ಮನೇಲಿದ್ದ ಕುಂಬಳಕಾಯಿ ಇದೊಂದೇ! ಯಾಕೆ ಅನ್ನಲಿಲ್ಲ, ಹೆಂಗೆ ಅನ್ನಲಿಲ್ಲ, ಒಂದು ಗಳಿಗೆ ಕಾಯಲಿಲ್ಲ. ಟವಲಲ್ಲಿ ಎತ್ತಿಕೊಂಡ. ಮುದುಕಿಗೆ ಇಳಿ ತೆಗೆದ, ಜವರಪ್ಪನಿಗೆ ತೆಗೆದ, ಅವ್ವನಿಗೆ ತೆಗೆದ. ಇವರು ಅದನ್ನ ಬಡಿಸೋ ಶಾಸ್ತ್ರ ಅಂದುಕೊಂಡು ನಗ್ತಾ ಕೂತಿದ್ದರು! ಅವನು ಹಿತ್ತಲ ಬಾಗಿಲಿಂದ ಒಂದೇ ಓಟ. ಮೂರುದಾರಿಯಲ್ಲಿ ನಿಂತು ಎರಡು ಕೈಯಲ್ಲೂ ಎತ್ತಿ—

ಧಡಾರ್!

ಅನ್ನ ಅತ್ತ, ಕಾಳು ಇತ್ತ, ಕುಂಬಳಕಾಯಿ ಊರ ತುಂಬ. ಕಾಗೆ ಬಂತು, ನಾಯಿ ಬಂತು. ಎಮ್ಮೆಯೂ ಬಂತು.

"ತೆಗೆದೆ ಕಣವ್ವ! ಒಂದೇ ಏಟಿಗೆ ಚೂರುಚೂರು!" ಅಂತ ನಗ್ತಾ ಒಳಗೆ ಬಂದ.

ನಿಂಗಾಜಮ್ಮ ಬೈಲಿಲ್ಲ.  ಕಂಬಕ್ಕೆ ಒರಗಿ ಕೂತಳು. "ದೊಡ್ಡವ್ವ" ಅಂದಳು, "ಮುಚ್ಚಿಟ್ಟು ಏನು ಮಾಡಲಿ? ನನ್ನ ಮಗ ಪೆದ್ದ. ಕೆಟ್ಟವನಲ್ಲ, ಪೆದ್ದ. ನಾನಿರೋವರೆಗೂ ಹೇಳ್ತೀನಿ. ನಾನು ಹೋದ ಮೇಲೆ ಇವನಿಗೆ ಉಣ್ಣು ಅಂತಲೂ ಹೇಳೋರಿಲ್ಲ ಅಂತ ಆಸೆಪಟ್ಟೆ. ನೀವು ಹೋಗಿಬನ್ನಿ." ಸೆರಗಲ್ಲಿ ಮುಖ ಮುಚ್ಚಿಕೊಂಡು ಅತ್ತಳು.

ಜವರಪ್ಪ ಎದ್ದೇಬಿಟ್ಟ. ಹೊಂಬಾಳಮ್ಮ ಏಳಲಿಲ್ಲ. "ಕೋಲಲ್ಲಿ ಅಟ್ಟು ಅಂದಿದ್ದು ಯಾರು?"

"ನಾನೇ."

"ತೆರೆದದ್ದು ಮುಚ್ಚು ಅಂದಿದ್ದು?"

"ನಾನೇ."

"ಕಾಯಿ ಕೊಯ್ಯೋದು ಹೇಳಿಕೊಟ್ಟಿದ್ದು?"

"ಅದೂ ನಾನೇ."

"ಹೆಂಗೆ ಕೊಯ್ದ?"

"ಚೆನ್ನಾಗೇ ಕೊಯ್ದ" ಅಂದಳು ನಿಂಗಾಜಮ್ಮ ಮೂಗು ಒರೆಸಿಕೊಂಡು.

"ಮತ್ತೆ? ಪೂರ್ತಿ ಹೇಳಿದಾಗ ಪೂರ್ತಿ ಮಾಡಿದ. ಅರ್ಧ ಬಾಯಲ್ಲಿ ಹೇಳಿ ಅರ್ಧ ಹೊಟ್ಟೇಲಿ ಇಟ್ಕೊಂಡಾಗ ಎಡವಟ್ಟು ಮಾಡಿದ. ನೀನು ಅವಸರಗಾತಿ ಕಣೆ! ಕೇಳಿಲ್ಲಿ, ನನ್ನ ಗಂಡ ಬದುಕಿರೋವರೆಗೂ ನನ್ನ ಒಂದು ಮಾತು ಕೇಳಲಿಲ್ಲ. ಇಗೋ, ಇವನು ನನ್ನ ಮಗ, ಇವನನ್ನೇ ಕೇಳು, ಒಂದು ದಿನ ಕೇಳವ್ನಾ ಅಂತ." ಜವರಪ್ಪ ಸೂರಿನ ಕಡೆ ನೋಡಿದ. "ಹೇಳಿದ ಮಾತು ಕೇಳೋ ಗಂಡಸು ಈ ಸೀಮೇಲೇ ಇಲ್ಲ ಅಂದ್ಕೊಂಡಿದ್ದೆ. ಇಲ್ಲೊಬ್ಬ ಅವ್ನೆ! ನಮ್ಮ ಚಿಕ್ಕತಾಯಿ ಹೇಳೋದರಲ್ಲಿ ಗಟ್ಟಿಗಿತ್ತಿ. ಕಾಳು ಬಿಡಿಸಿದಂಗೆ ಹೇಳ್ತಾಳೆ. ಹೆಣ್ಣು ಕೊಟ್ಟೆ, ಕಣ್ಣೀರು ಒರೆಸ್ಕೋ."

ಜವರಪ್ಪ ಮತ್ತೆ ಬಾಯಿ ತೆಗೆದ. "ಕೂತ್ಕೊಳ್ಳೋ" ಅಂದಳು ಅವ್ವ. ಅವತ್ತು ಮಾತ್ರ ಕೇಳಿದ, ಕೂತ.

ಮದುವೆ ಕಾರೇಪುರದಲ್ಲಿ ಆಯಿತು. ಅಷ್ಟರಲ್ಲಿ ನಿಂಗಾಜಮ್ಮ ಮಗನಿಗೆ ಬೈಗುಳ ಬಾಕಿ ಇಟ್ಟಿದ್ದಳಲ್ಲ, ಅದನ್ನೂ ತೀರಿಸಿದ್ದಳು. "ಕೈಯಲ್ಲಿ ಹಿಡಿದದ್ದನ್ನ ಬೀದೀಲಿ ಒಡೀಬಾರದು ಕಣ್ಲಾ! ಜೋಪಾನವಾಗಿ ಹಿಡಕೊಂಡು ನೆಟ್ಟಗೆ ಮನೆ ಹೊಸ್ತಿಲಿಗೆ ಬರಬೇಕು. ಅತ್ತ ನೋಡಬೇಡ, ಇತ್ತ ನೋಡಬೇಡ, ಹಿಂದೆ ತಿರುಗಬೇಡ. ಯಾರು ಕೂಗಿದರೂ ನಿಲ್ಲಬೇಡ!" ಅಂತ.

ಹೆಣ್ಣು ಮನೆ ತುಂಬಿಸಿಕೊಳ್ಳೋ ದಿನ ಜವರಪ್ಪ ಅಳಿಯನ ಕೈಗೆ ಒಂದು ಕುಂಬಳಕಾಯಿ ಕೊಟ್ಟ, ಬಳ್ಳಿ ಸಮೇತ. "ಅವತ್ತು ಬಾಯಿಗೆ ಬಂದದ್ದು ಹೋಯ್ತು, ಇದನ್ನಾದರೂ ಮಾಡ್ಕೊಂಡು ಉಣ್ಣಿ." ಗಾಡಿಗಳು ಊರಾಚೆ ಕಲ್ಲಿನವರೆಗೂ ಬಂದವು. ಅಲ್ಲಿಂದ ಗಂಡು ಹೆಣ್ಣು ನಡಕೊಂಡು ಬರಬೇಕು. ಹೊಂಬಾಳಮ್ಮ ಎಲ್ಲರನ್ನೂ ಮುಂದೆ ಓಡಿಸಿದಳು. "ಇಬ್ಬರೇ ಬರಲಿ ಕಣ್ರೋ, ದಾರೀಲಿ ಒಂದು ಮಾತಾದರೂ ಆಡ್ಲಿ."

ಮಾತೆಲ್ಲಿ ಬಂತು! ಮೊಗಣ್ಣ ಕುಂಬಳಕಾಯಿ ಎದೆಗವುಚಿಕೊಂಡು ಮುಂದೆ ಮುಂದೆ, ಚಿಕ್ಕತಾಯಿ ಹಿಂದೆ ಹಿಂದೆ. ಚೌಡಪ್ಪನ ಹೊಲದ ಹತ್ತಿರ ಅವಳ ಕಾಲಿಗೆ ಮುಳ್ಳು ಚುಚ್ಚಿತು.

"ವಸಿ ನಿಂತ್ಕಳಿ!" ಅಂದಳು.

ಮೊಗಣ್ಣ ನಿಲ್ಲಲಿಲ್ಲ.

"ಮುಳ್ಳು ಚುಚ್ತು, ನಿಂತ್ಕಳಿ ಅಂದರೆ!"

ಮೊಗಣ್ಣ ಇನ್ನೂ ಬಿರುಸಾಗಿ ನಡೆದ. ಚಿಕ್ಕತಾಯಿ ದಾರಿ ಪಕ್ಕ ಕೂತು ಮುಳ್ಳು ಕೀಳ್ತಾ ಇದ್ದರೆ, ಹೊಲದಿಂದ ಯಾರೋ ಎದ್ದು ಬಂದು, ನೆಲದ ಮೇಲೆ ಎಳೀತಿದ್ದ ಕುಂಬಳದ ಬಳ್ಳಿ ಮೂಸಿಕೊಂಡು, ಮೊಗಣ್ಣನ ಹಿಂದೆ ಹೊರಟರು. ಯಾರು ಅಂತ ನಿಮಗೇ ಗೊತ್ತಲ್ಲ, ಹೂಂ ಅನ್ನಿ!

ಮನೆ ಹತ್ತಿರ ನಿಂಗಾಜಮ್ಮ ಹೊಸ್ತಿಲ ಮೇಲೆ ಸೇರು ತುಂಬ ಅಕ್ಕಿ ಇಟ್ಟು, ಆರತಿ ತಟ್ಟೆ ಹಿಡಿದು ನಿಂತಿದ್ದಳು. ಸೊಸೆ ಬಲಗಾಲಲ್ಲಿ ಸೇರೊದ್ದು ಒಳಗೆ ಬರಬೇಕು. ಎಷ್ಟು ವರ್ಷದ ಆಸೆ! ಬೀದಿ ತುಂಬ ಜನ.

ಮೊಗಣ್ಣ ನೆಟ್ಟಗೆ ಬಂದು ಹೊಸ್ತಿಲ ಪಕ್ಕ ನಿಂತ. "ತಂದೆ ಕಣವ್ವ! ಎಲ್ಲೂ ಬೀಳಿಸಲಿಲ್ಲ, ಎಲ್ಲೂ ನಿಲ್ಲಲಿಲ್ಲ!"

"ನನ್ನ ಸೊಸೆ ಎಲ್ಲೋ?"

"ನನ್ನ ಹಿಂದೇನೇ ಬತ್ತಾವ್ಳೆ. ಕಾಲು ಸಪ್ಪಳ ಕೇಳ್ತಾನೇ ಇತ್ತು."

ಹಿಂದಿದ್ದಿದ್ದು ಎಮ್ಮೆ. ಬಾಯಲ್ಲಿ ಬಳ್ಳಿ. ಅದಕ್ಕೆ ಸೇರಿನಲ್ಲಿ ಅಕ್ಕಿ ಕಂಡಿತು, ಆ ಮನೆಯ ಅಕ್ಕಿ ರುಚಿ ಮೊದಲೇ ಗೊತ್ತು. ಮುಂದೆ ನುಗ್ಗಿ ಕಾಲು ಚಾಚಿತು. ಠಣ್ ಅಂತ ಸೇರು ಉರುಳಿತು, ಅಕ್ಕಿ ನಡುಮನೆ ತುಂಬ ಚೆಲ್ಲಿತು, ಎಮ್ಮೆ ಒಳಗೆ ಬಂತು.

"ಬಲಗಾಲೇ ಇಟ್ಲು ಕಣವ್ವ!" ಅಂದ ಮೊಗಣ್ಣ ಹಿಗ್ಗಿಕೊಂಡು.

"ನನ್ನೆಮ್ಮೆ!" ಅಂತ ಚೌಡಪ್ಪ ಹಗ್ಗಕ್ಕೆ ಕೈ ಹಾಕಿದ. "ಮಾವ, ಕೈಮುಗಿದು ಕೇಳು ಮೊದಲು!" ಅಂದ ಮೊಗಣ್ಣ. ಬೀದಿಗೆ ಬೀದಿಯೇ ಹೊಟ್ಟೆ ಹಿಡಕೊಂಡು ನಕ್ಕಿತು. 

ಅಷ್ಟರಲ್ಲಿ ಚಿಕ್ಕತಾಯಿ ಕುಂಟಿಕೊಂಡು ಬಂದಳು. ಒಳಗೆ ನೋಡಿದಳು. ಎಲ್ಲರ ನಗುವೂ ನಿಂತಿತು. ಅವಳು ಅಳ್ತಾಳೆ, ತವರಿಗೆ ತಿರುಗ್ತಾಳೆ ಅಂದುಕೊಂಡರು. ಅವಳು ಗಂಡನ ಕಡೆ ತಿರುಗಿ, ಮೆಲ್ಲಗೆ, ಒಂದೊಂದೇ ಹೇಳಿದಳು.

"ಕುಂಬಳಕಾಯಿ ಕೆಳಗಿಡಿ. ಎಮ್ಮೆ ಹಗ್ಗ ಹಿಡೀರಿ. ಹೊರಕ್ಕೆ ನಡೆಸಿ. ಮಾವನ ಕೈಗೆ ಕೊಡಿ. ಒಳಕ್ಕೆ ಬಂದು ಅಕ್ಕಿ ಬಳೀರಿ. ಸೇರಿಗೆ ತುಂಬಿ. ಸೇರು ಹೊಸ್ತಿಲ ಮೇಲಿಡಿ. ನೀವು ಈಚೆ ಬಂದು ನನ್ನ ಪಕ್ಕ ನಿಂತ್ಕಳಿ."

ಇಟ್ಟ, ಹಿಡಿದ, ನಡೆಸಿದ, ಕೊಟ್ಟ, ಬಳಿದ, ತುಂಬಿದ, ಇಟ್ಟ, ಬಂದು ನಿಂತ. ಒಂದಾದರೂ ತಪ್ಪಲಿಲ್ಲ! ಚಿಕ್ಕತಾಯಿ ಸೇರೊದ್ದು ಒಳಗೆ ಬಂದಳು. ಹೊಂಬಾಳಮ್ಮ ನಿಂಗಾಜಮ್ಮನ ಪಕ್ಕೆ ತಿವಿದು "ಏನಂದಿದ್ದೆ?" ಅಂದಳು. ನಿಂಗಾಜಮ್ಮ ಸಂತೋಷದಲ್ಲಿ ಎರಡೆರಡು ಸಲ ಆರತಿ ಎತ್ತಿದಳು.

ಮಾರನೇ ದಿನ ಹೊಸ ಸೊಸೆಯ ಮೊದಲ ಅಡುಗೆ. ಏನಡುಗೆ? ತುಂಬುಗುಂಬಳ! ಮೊಗಣ್ಣ ಕೊಯ್ದುಕೊಟ್ಟ, ಚಿಕ್ಕತಾಯಿ ತುಂಬಿ ಬೇಯಿಸಿದಳು. ಅತ್ತೆಗೊಂದಿಷ್ಟು ಎತ್ತಿಟ್ಟು, ಕಾಯಿ ಸಮೇತ ಗಂಡನ ಎಲೆಗೆ ಇಟ್ಟಳು. "ಉಣ್ಣಿ" ಅಂದಳು.

ಮೊಗಣ್ಣ ಅನ್ನ ಉಂಡ. ಕುಂಬಳದ ಹೋಳು ಉಂಡ. ಸಿಪ್ಪೆ ಉಂಡ. ಚಿಕ್ಕತಾಯಿ, ಪಾಪ, ನನ್ನ ಅಡುಗೆ ಇಷ್ಟು ರುಚಿಯಾಗಿದೆಯಾ ಅಂತ ನಾಚಿಕೊಂಡು ತಲೆ ತಗ್ಗಿಸಿದ್ದಳು. ಅವನು ಮುಚ್ಚಳ ತಿಂದ, ತೊಟ್ಟು ಕಡಿದ, ಸುಟ್ಟ ರಾಗಿಹಿಟ್ಟು ಕುರುಕಿದ. ನಿಂಗಾಜಮ್ಮನಿಗೆ ಬಾಯಿ ತುದಿಗೆ ಬಂತು, ಸಾಕು ಅನ್ನೋ ಆ ಒಂದು ಮಾತು. ಸೆರಗು ಕಚ್ಚಿಕೊಂಡಳು. ಹೇಳಲಿಲ್ಲ. ಇನ್ನು ಹೇಳೋಳು ತಾನಲ್ಲ ಅಂತ ಗಟ್ಟಿ ಮನಸ್ಸು ಮಾಡಿ ಗೋಡೆಗೆ ಒರಗಿದಳು.

ಮೊಗಣ್ಣ ಊಟದೆಲೆಯನ್ನ ಸುರುಳಿ ಸುತ್ತಿ ಅದನ್ನೂ ತಿಂದ. ಆಮೇಲೆ ಎದ್ದು, ಕೂತಿದ್ದ ಮಣೆ ಎತ್ತಿ ಹಿಡಿದು, ಆ ಕಡೆ ಈ ಕಡೆ ತಿರುಗಿಸಿ ನೋಡಿದ. ಅವ್ವನ ಕಡೆ ತಿರುಗಲಿಲ್ಲ, ಹೆಂಡತಿ ಕಡೆ ತಿರುಗಿದ.

"ಇಲ್ಲಿ ಕೇಳು," ಅಂದ, "ಇದನ್ನೂ ಉಣ್ಣಬೇಕಾ?"